ವಿಷಯ: ಹವಳ ತಿನ್ನುವ ‘ಸೀ ಸ್ಲಗ್’ಗೆ ಕನ್ನಡ ಪದ? (ಫಲಕ ನಾಳೆ ಅಚ್ಚಿಗೆ)

ಬಲ್ಲವರೇ,
ಮತ್ಸ್ಯಾಲಯದ ಫಲಕಕ್ಕೆ ಹೆಸರು ಬೇಕು. ಪ್ರಾಣಿ ಚಿಪ್ಪಿಲ್ಲದ ಮೆತ್ತನೆಯ ಮೃದ್ವಂಗಿ, ಫೆಸ್ಟಿಲಾ ಕುಲದ್ದು, ಹಿಂದೂ ಮಹಾಸಾಗರ ಮತ್ತು ಪೆಸಿಫಿಕ್‌ನ ಹವಳದ ದಿಬ್ಬಗಳಲ್ಲಿರುವಂಥದ್ದು. ಪೊರೈಟಿಸ್ ಹವಳವೇ ಅದಕ್ಕೆ ಊಟ, ಅದೇ ಮನೆ. ಹಗಲು ಹವಳದ ಅಡಿಯಲ್ಲಿ ಅವಿತಿದ್ದು ರಾತ್ರಿ ತಿನ್ನುತ್ತದೆ. ತಿಂದಲ್ಲೆಲ್ಲ ಸುಣ್ಣದ ಬಿಳಿ ಕಾಣುತ್ತದೆ. ಕರಡಿನಲ್ಲಿ ‘ಹವಳಭಕ್ಷಕ ನಗ್ನಕಿವಿರಿ’ (ಇಂಗ್ಲಿಷಿನ ‘ನ್ಯೂಡಿಬ್ರಾಂಕ್’) ಎಂದಿದೆ. ಬೆನ್ನ ಮೇಲಿನ ಬೆರಳಿನಂಥ ಸೆರಾಟಾಗಳಿಗೂ ಒಂದು ಪದ ಕೊಡಿ.

---

> ಹವಳಭಕ್ಷಕ ನಗ್ನಕಿವಿರಿ

ಎರಡೂ ಅರಿಸಮಾಸ. ಹವಳ ಅಚ್ಚಗನ್ನಡ, ಅದಕ್ಕೆ ಭಕ್ಷಕ ಏಕೆ? ‘ಕಡಲ ಗೊಣ್ಣೆಹುಳು’ ಸಾಕು.

---

> ಹವಳ ಅಚ್ಚಗನ್ನಡ

ಅಲ್ಲ. ಪ್ರವಾಳದ ತದ್ಭವ, ಪವಳವಾಗಿ, ಪಕಾರ ಹಕಾರವಾಗಿ ಹವಳ. ತೀರ್ಪು ಸರಿ, ಕಾರಣ ತಪ್ಪು.

> ಗೊಣ್ಣೆಹುಳು

ಬೇರು ಕಡಿಯುವ ದುಂಬಿಮರಿಗೆ ಆ ಹೆಸರು ಎಂದೋ ಸಂದಿದೆ.

‘ಕಿವಿರು’ ಕೂಡ ಬೇಡ. ಬೆನ್ನ ಹಿಂಬದಿಯಲ್ಲಿ ಕಿವಿರಿನ ಕುಚ್ಚು ಬಿಚ್ಚಿಕೊಂಡಿರುವುದು ಇವುಗಳದೇ ಇನ್ನೊಂದು ಗುಂಪಾದ ಡೋರಿಡ್‌ಗಳಿಗೆ. ಫೆಸ್ಟಿಲಾ ಇಯೋಲಿಡ್ ಗುಂಪಿನದು, ಅದಕ್ಕೆ ಬೇರೆ ಕಿವಿರಿಲ್ಲ. ಸೆರಾಟಾ, ಮೈಚರ್ಮಗಳೇ ಉಸಿರಾಡುತ್ತವೆ. ಜೀರ್ಣಗ್ರಂಥಿಯ ಕವಲೂ ಸೆರಾಟಾದೊಳಗೇ ಹೋಗುತ್ತದೆ. ಗ್ರೀಕ್ ಮೂಲ ನೋಡಿ ‘ಕೊಂಬು’ ಎಂದರೆ, ತಲೆಯ ಮೇಲೆ ವಾಸನೆ ಹಿಡಿಯುವ ರೈನೋಫೋರ್ ಜೋಡಿ ಎಂದುಕೊಳ್ಳುತ್ತಾರೆ. ‘ಕುಟುಕುಬೆರಳು’ ಎಂದೂ ಬರೆಯಬೇಡಿ: ಬೇರೆ ಇಯೋಲಿಡ್‌ಗಳು ಬೇಟೆಯ ಕುಟುಕುಕೋಶಗಳನ್ನು ಸೆರಾಟಾದ ತುದಿಯ ಚೀಲದಲ್ಲಿ ಕೂಡಿಡುತ್ತವೆ, ಫೆಸ್ಟಿಲಾಕ್ಕೆ ಆ ಚೀಲವೇ ಇಲ್ಲ. ‘ಬೆನ್ನಕುಚ್ಚು’ ಇರಲಿ.

---

‘ಬೋಳು ಬಸವನಹುಳು’ ಹೇಗೆ? ಎರಡು ಕೊಂಬು ನೋಡಿಯೇ ನಮ್ಮ ಜನ ಬಸವ ಎಂದದ್ದು. ಇದಕ್ಕೂ ಎರಡಿವೆ, ಚಿಪ್ಪು ಮಾತ್ರ ಇಲ್ಲ.

---

ದನಕ್ಕೆ ಬೋಳು ಎಂದರೆ ಕೊಂಬಿಲ್ಲದ್ದು! ಚಿಪ್ಪು ಹುಟ್ಟಿನಿಂದಲೇ ಇಲ್ಲ ಎಂಬುದೂ ಸುಳ್ಳು. ಈಜುವ ಮರಿಗೆ ಚಿಪ್ಪಿರುತ್ತದೆ. ಪೊರೈಟಿಸ್‌ನಿಂದ ನೀರಿಗೆ ಕರಗಿ ಬಂದ ವಸ್ತು ತಗುಲಿದ ಮೇಲೆಯೇ ಅದು ಕೆಳಗಿಳಿದು, ಚಿಪ್ಪು ಕಳಚಿ, ರೂಪ ಬದಲಿಸುವುದು. ಬಣ್ಣದ ಹೆಸರಿನ ಆಸೆಯೂ ಬೇಡ. ಟ್ಯೂಬಾಸ್ಟ್ರಿಯಾ ಹವಳ ತಿನ್ನುವ ಸೋದರಜಾತಿ, ತಿಂದ ಹವಳದ ಬಣ್ಣಕ್ಕೇ ತಿರುಗುತ್ತದೆ.

ಬಸವ ಕೂಡ ವೃಷಭದ ತದ್ಭವ, ಅಚ್ಚಗನ್ನಡದವರ ಗಮನಕ್ಕೆ.

---

ಇಷ್ಟೆಲ್ಲ ಏಕೆ? ಪ್ರಾಣಿಶಾಸ್ತ್ರಜ್ಞ ಬೆರ್ಗ್ 1874ರಲ್ಲಿ ಇಟ್ಟ ‘ಫೆಸ್ಟಿಲಾ’ ಇದೆ, ಹಾಕಿ. ಇಲ್ಲವೇ ‘ಸ್ಲಗ್ಗು’ ಅನ್ನಿ. ಉಕಾರ ಹಚ್ಚಿದರೆ ಸ್ಲಗ್ಗಿನ, ಸ್ಲಗ್ಗಿಗೆ, ವಿಭಕ್ತಿ ತಾನಾಗಿ ಕೂಡುತ್ತದೆ. ಪ್ರವಾಳವನ್ನು ಪಡೆದ ಭಾಷೆ ಸ್ಲಗ್ಗನ್ನು ಪಡೆದರೆ ಮೈಲಿಗೆಯೇ?

---

ಪ್ರವಾಳ ಸವೆದು ಹವಳವಾಗಲು ಶತಮಾನಗಳೇ ಸಿಕ್ಕವು. ಸ್ಲಗ್ಗಿಗೆ ನಾಳೆ ಬೆಳಿಗ್ಗೆವರೆಗೆ. ಇದು ಪಡೆಯುವುದಲ್ಲ, ಸೋಮಾರಿತನ.

---

ಎಲ್ಲರಿಗೂ ವಂದನೆ. ‘ಹವಳ ಮೇಯುವ ಕಡಲ ಬಸವನಹುಳು’, ಸೆರಾಟಾಕ್ಕೆ ‘ಬೆನ್ನಕುಚ್ಚು’ ಎಂದು ಕಳಿಸುತ್ತಿದ್ದೇನೆ.

ತೊಟ್ಟಿ ನೋಡಿಕೊಳ್ಳುವವರ ಚೀಟಿಗೂ ಒಂದು ಮಾತು ಬೇಕು. ಅಲ್ಲಿನದು ಮಾಂಟಿಪೋರಾ ಹವಳ ತಿನ್ನುವ ಜಾತಿ. ‘ಹೊಸ ಹವಳವನ್ನು ಅದ್ದಿ, ಅಡಿಭಾಗದ ಮೊಟ್ಟೆಗಳನ್ನು ಬ್ರಷ್ಷಿನಿಂದ ಉಜ್ಜಿ ತೆಗೆಯಿರಿ, ವಾರದೊಳಗೆ ಮತ್ತೆ ಅದ್ದಿ’ ಎಂದು ಬರೆದಿದ್ದೇನೆ. ‘ಡಿಪ್’ಗೆ (ಹುಳು ಕೊಲ್ಲಲು ಹವಳ ಅದ್ದುವ ಔಷಧದ ನೀರು) ‘ಅದ್ದುನೀರು’ ಆದೀತೇ?

---

ಆದೀತು. ಆದರೆ ‘ಅದ್ದುನೀರಿಗೆ ಮೊಟ್ಟೆ ಸಾಯದು’ ಎಂಬ ಸಾಲನ್ನು ಮೊದಲು ಹಾಕಿ. ಎರಡನೇ ಸಲ ಅದ್ದುವುದು ಏಕೆಂದು ತಿಳಿಯದಿದ್ದರೆ ಯಾರೂ ಅದ್ದುವುದಿಲ್ಲ. ಉಳಿದ ಮೊಟ್ಟೆ ಒಡೆದು ತೊಟ್ಟಿ ಮತ್ತೆ ತುಂಬುತ್ತದೆ.

---

> ಹವಳ ಮೇಯುವ

ಮೇಯುವುದು ಹುಲ್ಲನ್ನು. ಹವಳ ಪ್ರಾಣಿ. ‘ತಿನ್ನುವ’.