ಹಳೆಯ ಮಾದರಿಯ ಚರ್ಮದ ಬೂಟುಗಳು: ಚೀಟಿಯ ಮೇಲಿನ ಪದಗಳ ಬಗ್ಗೆ ಕೆಲವು ಪ್ರಶ್ನೆಗಳು, ಉತ್ತರಗಳು

ಎಲ್ಲರಿಗೂ ನಮಸ್ಕಾರ. ನಾನು ಹಲವು ವರ್ಷ ತಮಿಳುನಾಡಿನ ರಾಣಿಪೇಟೆ ಮತ್ತು ಆಂಬೂರಿನ ಪಾದರಕ್ಷೆ ಕಾರ್ಖಾನೆಗಳಲ್ಲಿ ಗುಣಮಟ್ಟ ಪರೀಕ್ಷಕನಾಗಿ ದುಡಿದು, ಈಗ ಮೈಸೂರಿನ ಅಗ್ರಹಾರದ ಬಳಿ ಸಣ್ಣದೊಂದು ಕಾರ್ಯಾಗಾರ ನಡೆಸುತ್ತಿದ್ದೇನೆ. ಬೂಟುಗಳ ಸವೆದ ಅಟ್ಟೆಯನ್ನು ಬಿಚ್ಚಿ ಹೊಸದನ್ನು ಹೊಲಿಯುವುದು ಅಲ್ಲಿನ ಮುಖ್ಯ ಕೆಲಸವಾದ್ದರಿಂದ, ಕೊಂಡವರು ನೋಡಲಾಗದ ಬೂಟಿನ ಒಳಭಾಗವನ್ನು ನಾನು ದಿನವೂ ನೋಡುತ್ತೇನೆ. ‘ಹೆರಿಟೇಜ್’ ಎಂಬ ಹೆಸರಿನಲ್ಲಿ ಮಾರಾಟವಾಗುವ ಬೂಟುಗಳ ಬಗ್ಗೆ ಈ ಗುಂಪಿನಲ್ಲಿ ನಡೆದ ಚರ್ಚೆಯ ನಂತರ ನಿರ್ವಾಹಕರು ಕೆಲವು ಪ್ರಶ್ನೆಗಳನ್ನು ಆರಿಸಿ ಕಳುಹಿಸಿದ್ದಾರೆ. ನನಗೆ ತಿಳಿದಷ್ಟನ್ನು ಬರೆಯುತ್ತೇನೆ.

ಕುವೆಂಪುನಗರದ ಸದಸ್ಯರು: ಸರ್, ಹದಿನೆಂಟು ಸಾವಿರ ಕೊಟ್ಟು ‘ಗುಡ್‌ಇಯರ್ ವೆಲ್ಟ್’ ಬೂಟು ಕೊಂಡೆ. ಇದರ ಅಟ್ಟೆ ಟೈರ್ ಕಂಪನಿಯ ರಬ್ಬರಿನದು, ಅಂಟು ಮುಟ್ಟಿಸದೆ ಪೂರ್ತಿ ಕೈಯಲ್ಲೇ ಹೊಲಿದದ್ದು, ನೀರು ಒಳಗೆ ಬರುವುದೇ ಇಲ್ಲ ಎಂದು ಅಂಗಡಿಯವರು ಹೇಳಿದರು. ನಂಬಬಹುದೇ?

ಉತ್ತರ: ಮೂರನ್ನೂ ನಂಬಬೇಡಿ, ಹಾಗೆಂದು ಬೂಟು ಕೆಟ್ಟದ್ದೆಂದು ತೀರ್ಮಾನಿಸಲೂ ಬೇಡಿ. ರಬ್ಬರನ್ನು ಗಂಧಕದೊಡನೆ ಕಾಯಿಸಿ ಗಟ್ಟಿಗೊಳಿಸುವ ವಿಧಾನವನ್ನು ಕಂಡುಹಿಡಿದ ಚಾರ್ಲ್ಸ್ ಗುಡ್‌ಇಯರ್ ಅವರ ಮಗನ ಹೆಸರೂ ಚಾರ್ಲ್ಸ್ ಗುಡ್‌ಇಯರ್ ಎಂದೇ. ಈ ಮಗ ಬೂಟು ಹೊಲಿಯುವ ಯಂತ್ರವೊಂದನ್ನು ಸುಧಾರಿಸಿ 1871ರಲ್ಲಿ ಪೇಟೆಂಟ್ ಪಡೆದರು, ‘ಗುಡ್‌ಇಯರ್ ವೆಲ್ಟ್’ ಎಂಬ ಹೆಸರು ಅಲ್ಲಿಂದ ಬಂತು. ಟೈರ್ ಕಂಪನಿ ಹುಟ್ಟಿದ್ದು 1898ರಲ್ಲಿ. ಅದು ತಂದೆಯ ಹೆಸರನ್ನು ಗೌರವಕ್ಕಾಗಿ ಇಟ್ಟುಕೊಂಡಿತೇ ಹೊರತು ಆ ಕುಟುಂಬದವರು ಕಟ್ಟಿದ ಸಂಸ್ಥೆಯಲ್ಲ. ಆದ್ದರಿಂದ ಈ ಹೆಸರು ಹೊಲಿಗೆಯ ಕ್ರಮವನ್ನು ಹೇಳುತ್ತದೆ. ಅಟ್ಟೆ ರಬ್ಬರಿನದೋ ಚರ್ಮದ್ದೋ ಎಂಬುದನ್ನು ಹೇಳುವುದಿಲ್ಲ.

ಇನ್ನು ‘ಕೈಹೊಲಿಗೆ’ಯ ಮಾತು. ಗುಡ್‌ಇಯರ್ ವೆಲ್ಟ್ ಹುಟ್ಟಿದ್ದೇ ಕೈಹೊಲಿಗೆಯ ಕೆಲಸವನ್ನು ಯಂತ್ರಕ್ಕೆ ಒಪ್ಪಿಸುವುದಕ್ಕಾಗಿ. ಹಳೆಯ ಕ್ರಮದಲ್ಲಿ ದಪ್ಪ ಚರ್ಮದ ಒಳ ಅಟ್ಟೆಯನ್ನು ರಂಪಿಗೆಯಿಂದ ಕೊರೆದು ಅದರಲ್ಲೇ ಒಂದು ಏಣನ್ನು, ಎಂದರೆ ಉಬ್ಬಿದ ಅಂಚನ್ನು, ಎಬ್ಬಿಸಿ, ಬೂಟಿನ ಮೇಲ್ಭಾಗವನ್ನೂ ವೆಲ್ಟ್ ಎಂಬ ಚರ್ಮದ ಅಂಚುಪಟ್ಟಿಯನ್ನೂ ಆ ಏಣಿಗೆ ಸೇರಿಸಿ ಮೇಣ ತೀಡಿದ ದಾರದಿಂದ ಹೊಲಿಯುತ್ತಿದ್ದರು. ಯಂತ್ರದ ಕ್ರಮದಲ್ಲಿ ಸಾಮಾನ್ಯವಾಗಿ ಆ ಏಣು ಚರ್ಮದಿಂದ ಕೊರೆದದ್ದಾಗಿರುವುದಿಲ್ಲ. ಗಟ್ಟಿ ಬಟ್ಟೆಯ ಪಟ್ಟಿಯೊಂದನ್ನು ಒಳ ಅಟ್ಟೆಯ ಅಡಿಗೆ ಅಂಟಿನಿಂದ ಕೂರಿಸಿ, ಯಂತ್ರ ಅದಕ್ಕೆ ಹೊಲಿಗೆ ಹಾಕುತ್ತದೆ. ಎಂದರೆ ‘ಅಂಟಿಲ್ಲದ ಬೂಟು’ ಎಂದು ಹೊಗಳಿಸಿಕೊಳ್ಳುವ ಬೂಟಿನ ಮುಖ್ಯ ಹೊಲಿಗೆ ನಿಂತಿರುವುದೇ ಅಂಟಿನ ಮೇಲೆ. ನಾನು ಬಿಚ್ಚುವ ಬೂಟುಗಳಲ್ಲಿ ಹೊಲಿಗೆ ಗಟ್ಟಿಯಾಗಿದ್ದು ಈ ಬಟ್ಟೆಯ ಏಣೇ ಎದ್ದುಬಂದಿರುವುದನ್ನು ಆಗಾಗ ಕಾಣುತ್ತೇನೆ. ಒಳ ಅಟ್ಟೆ ಚರ್ಮದ್ದಾಗಿದ್ದರೆ ಅದನ್ನು ಮತ್ತೆ ಕೂರಿಸಬಹುದು. ಒತ್ತಿ ಮಾಡಿದ ರಟ್ಟಿನದ್ದಾಗಿದ್ದರೆ ಬೆವರಿಗೆ ಪುಡಿಯಾಗಿರುತ್ತದೆ, ಏನು ಮಾಡಿದರೂ ಹಿಡಿಯುವುದಿಲ್ಲ. ಆದ ಕಾರಣ ಕೊಳ್ಳುವಾಗ ‘ವೆಲ್ಟ್ ಯಾವುದು’ ಎಂದು ಕೇಳುವುದಕ್ಕಿಂತ ‘ಒಳ ಅಟ್ಟೆ ಯಾವುದರದು’ ಎಂದು ಕೇಳುವುದು ಹೆಚ್ಚು ಉಪಯೋಗಕ್ಕೆ ಬರುತ್ತದೆ. ಅಂಗಡಿಯವರಿಗೆ ಉತ್ತರ ಗೊತ್ತಿರುವುದು ಅಪರೂಪ.

ನೀರಿನ ವಿಷಯ: ಒಳಗಿನ ಹೊಲಿಗೆ ನೇರವಾಗಿ ಹೊರ ಅಟ್ಟೆಯನ್ನು ದಾಟದೆ, ಹೊರ ಅಟ್ಟೆ ಬೇರೊಂದು ಹೊಲಿಗೆಯಿಂದ ಅಂಚುಪಟ್ಟಿಗೆ ಸೇರುವ ಕಾರಣ ನೀರು ನಿಧಾನವಾಗಿ ಇಳಿಯುತ್ತದೆ, ಅಷ್ಟೆ. ಜುಲೈ ತಿಂಗಳ ಮಡಿಕೇರಿಯಲ್ಲಿ ಒಂದು ದಿನ ನಡೆದರೆ ಕಾಲುಚೀಲ ಒದ್ದೆಯಾಗುವುದು ಖಂಡಿತ.

ಕುವೆಂಪುನಗರದ ಸದಸ್ಯರು: ಹಾಗಾದರೆ ಹೊಲಿಗೆ ನಿಜವಾದದ್ದೇ ಎಂದು ಮನೆಯಲ್ಲೇ ತಿಳಿಯುವುದು ಹೇಗೆ?

ಉತ್ತರ: ಒಳಗಿನ ಮೆತ್ತೆ ತೆಗೆದು ನೋಡಿ. ಒಳ ಅಟ್ಟೆಯ ಸುತ್ತ ದಾರ ಕಂಡರೆ ಅದು ಬ್ಲೇಕ್ ಹೊಲಿಗೆ. ಕೆಟ್ಟದ್ದೇನಲ್ಲ, ಮೇಲ್ಭಾಗ, ಒಳ ಅಟ್ಟೆ, ಹೊರ ಅಟ್ಟೆ ಮೂರನ್ನೂ ಒಂದೇ ಹೊಲಿಗೆಯಲ್ಲಿ ಸೇರಿಸುವ ಬೇರೆ ಕ್ರಮ. ದಾರ ಕಾಣದೆ, ಹೊರಗೆ ಅಂಚುಪಟ್ಟಿಯ ಮೇಲಿನ ಹೊಲಿಗೆ ಅಟ್ಟೆಯ ತಳದಲ್ಲೂ ಮೂಡಿದ್ದರೆ ವೆಲ್ಟ್ ಇರುವ ಸಂಭವ ಹೆಚ್ಚು. ಮೇಲೆ ಮಾತ್ರ ಹೊಲಿಗೆ ಕಂಡು ತಳದಲ್ಲಿ ಏನೂ ಇಲ್ಲದಿದ್ದರೆ ಅನುಮಾನಿಸಿ: ಅಂದಕ್ಕಾಗಿ ಹೊಲಿದ ಪಟ್ಟಿಯನ್ನು ಅಂಟಿಸಿದ ಬೂಟುಗಳು ಬೇಕಾದಷ್ಟಿವೆ. ಆದರೆ ಕೆಲವು ಬೂಟುಗಳಲ್ಲಿ ಹೊಲಿಗೆ ನಡುವಿನ ಪದರಕ್ಕೆ ನಿಂತು ಅದರ ಕೆಳಗೆ ರಬ್ಬರ್ ಅಂಟಿಸಿರುತ್ತಾರೆ. ಅಲ್ಲಿ ತಳದಲ್ಲಿ ದಾರ ಕಾಣದಿದ್ದರೂ ಕೆಲಸ ಪ್ರಾಮಾಣಿಕವಾದದ್ದೇ.

ಮಂಡ್ಯದ ಸದಸ್ಯರು: ನನ್ನ ಬೂಟಿನ ಚರ್ಮದ ಮೇಲೆ ಸಣ್ಣ ಗೀರುಗಳೂ ಸುಕ್ಕುಗಳೂ ಇವೆ. ತಮ್ಮನ ಬೂಟು ಕನ್ನಡಿಯಂತಿದೆ, ಬೆಲೆಯೂ ಕಡಿಮೆ. ನನಗೆ ಮೋಸವಾಯಿತೇ?

ಉತ್ತರ: ನೀವು ಮಂಡ್ಯದವರು, ಆಲೆಮನೆ ನೋಡಿರುತ್ತೀರಿ, ನಿಮಗೆ ಹೇಳುವುದು ಸುಲಭ. ಪೇಟೆಯವರು ಹೊಳೆಯುವ ಹಳದಿ ಬೆಲ್ಲವನ್ನು ಕಂಡು ಮರುಳಾಗುತ್ತಾರೆ. ಆ ಬಣ್ಣ ಬರಿಸಲು ಕೊಪ್ಪರಿಗೆಗೆ ಏನು ಹಾಕುತ್ತಾರೆಂದು ಬಲ್ಲವರು ಕಂದು ಬೆಲ್ಲವನ್ನೇ ಕೇಳಿ ಪಡೆಯುತ್ತಾರೆ. ಚರ್ಮದಲ್ಲೂ ಹೀಗೆಯೇ. ಬೇಲಿಯ ಮುಳ್ಳು ತರಚಿದ ಗೀರು, ಉಣ್ಣಿ ಕಚ್ಚಿದ ಚುಕ್ಕೆ, ಕತ್ತಿನ ಮಡಿಕೆ ಎಲ್ಲವೂ ತೊಗಲಿನ ಮೇಲ್ಪದರದಲ್ಲಿ ಉಳಿದಿರುತ್ತವೆ. ಆ ಮೇಲ್ಪದರವನ್ನು ಉಜ್ಜದೆ ಉಳಿಸಿಕೊಂಡ ಚರ್ಮ ‘ಫುಲ್ ಗ್ರೇನ್’. ಗೀರುಗಳು ಹೆಚ್ಚಾಗಿದ್ದರೆ ಉಪ್ಪುಕಾಗದದಂಥ ಯಂತ್ರದಿಂದ ಮೇಲ್ಮೈಯನ್ನು ಉಜ್ಜಿ, ಬಣ್ಣದ ಲೇಪ ಬಳಿದು, ಬೇಕಾದರೆ ಕೃತಕ ರಂಧ್ರಗಳ ಅಚ್ಚನ್ನೂ ಒತ್ತಿ ‘ಕರೆಕ್ಟೆಡ್ ಗ್ರೇನ್’ ಮಾಡುತ್ತಾರೆ. ತಮ್ಮನವರ ಬೂಟು ಬಹುಶಃ ಈ ಜಾತಿಯದು. ಅದೂ ಚರ್ಮವೇ, ಕೆಸರು ಬೇಗ ಒರೆಸಿಹೋಗುತ್ತದೆ. ಆದರೆ ಬೆರಳು ಮಡಿಯುವಲ್ಲಿ ಲೇಪ ಬಿರಿದರೆ ಎಣ್ಣೆ ಹಚ್ಚಿ ಸರಿಪಡಿಸಲಾಗದು.

ಫುಲ್ ಗ್ರೇನ್ ಎಂಬುದೂ ಎಲ್ಲವನ್ನೂ ಹೇಳುವ ಪದವಲ್ಲ ಎಂಬುದನ್ನು ಇಲ್ಲಿಯೇ ಸೇರಿಸುತ್ತೇನೆ. ಒಂದೇ ತೊಗಲಿನಲ್ಲಿ ಬೆನ್ನಿನ ಭಾಗ ಬಿಗಿಯಾಗಿರುತ್ತದೆ, ಹೊಟ್ಟೆಯ ಭಾಗ ಸಡಿಲವಾಗಿ ಹಿಗ್ಗುತ್ತದೆ. ಎರಡರ ಮೇಲ್ಪದರವನ್ನೂ ಉಜ್ಜದೆ ಬಿಟ್ಟರೆ ಎರಡೂ ಫುಲ್ ಗ್ರೇನೇ. ಬೂಟಿನ ಮುಂಭಾಗವನ್ನು ಬೆನ್ನಿನಿಂದಲೂ, ಕಾಣದ ನಾಲಿಗೆಯನ್ನು ಹೊಟ್ಟೆಯಿಂದಲೂ ಕತ್ತರಿಸುವುದು ಒಳ್ಳೆಯ ಕೆಲಸಗಾರನ ಲಕ್ಷಣ. ಬೂಟನ್ನು ಕೈಯಲ್ಲಿ ಹಿಡಿದು ಬೆರಳು ಮಡಿಯುವ ಜಾಗವನ್ನು ಒಳಮುಖವಾಗಿ ಬಾಗಿಸಿ: ಕೂದಲೆಳೆಯಂಥ ಸಣ್ಣ ಸುಕ್ಕು ಮೂಡಿದರೆ ಒಳ್ಳೆಯದು, ಒದ್ದೆ ಕಾಗದದ ಹಾಗೆ ದಪ್ಪ ಮಡಿಕೆ ಎದ್ದರೆ ಅದು ಹೊಟ್ಟೆಯ ಚರ್ಮ. ‘ಜೆನ್ಯುಯಿನ್ ಲೆದರ್’ ಎಂಬ ಮುದ್ರೆಯ ಬಗ್ಗೆ ಒಂದೇ ಮಾತು. ಅದು ರೆಕ್ಸಿನ್ ಅಲ್ಲ ಎಂದು ಹೇಳುತ್ತದೆ, ಬೇರೇನನ್ನೂ ಹೇಳುವುದಿಲ್ಲ.

ಮಳವಳ್ಳಿಯ ಸದಸ್ಯರು: ನಮ್ಮ ಬಂಡೂರು ಕುರಿಯ ಚರ್ಮದಿಂದ ಇಂಥ ಬೂಟು ಮಾಡಬಹುದೇ?

ಉತ್ತರ: ಆಗದು. ಕುರಿಯ ಚರ್ಮ ತೆಳು, ಮೃದು; ಕೈಗವಸಿಗೆ, ಜಾಕೀಟಿಗೆ, ಹೆಚ್ಚೆಂದರೆ ಬೂಟಿನ ಒಳಪದರಕ್ಕೆ ಸರಿ. ಬಂಡೂರಿನ ಹೆಸರು ಮಾಂಸಕ್ಕೇ ಇರಲಿ.

ಸರಸ್ವತಿಪುರಂನ ಸದಸ್ಯರು: ನಿಜವಾದ ಹಳೆಯ ಕಾಲದ ಬೂಟು ಎಂದರೆ ಮರದ ತೊಗಟೆಯಿಂದ ಹದ ಮಾಡಿದ ಚರ್ಮದ್ದು, ಕ್ರೋಮ್ ಎಂಬುದು ಇತ್ತೀಚಿನ ರಾಸಾಯನಿಕ ಕಲಬೆರಕೆ ಎಂದು ಓದಿದ್ದೇನೆ. ದಯವಿಟ್ಟು ವಿವರಿಸಿ.

ಉತ್ತರ: ಮೇಡಂ, ನಾನು ಕೇಳಿದ ತಪ್ಪು ತಿಳಿವಳಿಕೆಗಳಲ್ಲಿ ಇದೇ ಅತ್ಯಂತ ಗಟ್ಟಿಯಾಗಿ ಬೇರೂರಿದ್ದು. ಕ್ರೋಮಿಯಂ ಲವಣದಿಂದ ಚರ್ಮ ಹದ ಮಾಡುವ ವಿಧಾನಕ್ಕೆ ಅಮೆರಿಕದಲ್ಲಿ ಆಗಸ್ಟಸ್ ಶುಲ್ಟ್ಸ್ ಪೇಟೆಂಟ್ ಪಡೆದದ್ದು 1884ರಲ್ಲಿ. ಇಂದು ‘ಹಳೆಯ ಕಾಲದ’ ಬೂಟುಗಳಿಗೆ ಹೆಸರಾದ ರೆಡ್ ವಿಂಗ್ ಕಂಪನಿ ಮಿನೆಸೋಟಾದಲ್ಲಿ ಆರಂಭವಾದದ್ದು 1905ರಲ್ಲಿ. ಷಿಕಾಗೋದ ಹಾರ್ವೀನ್ ಚರ್ಮದ ಕಾರ್ಖಾನೆಯದೂ ಅದೇ ವರ್ಷ. ಎಂದರೆ ಕ್ರೋಮ್ ಚರ್ಮ ಆ ಕಂಪನಿಗಳಿಗಿಂತ ಹಳೆಯದು. ಬೂಟುಪ್ರಿಯರು ಹಾಡಿ ಹೊಗಳುವ ಹಾರ್ವೀನ್‌ನವರ ಕ್ರೋಮೆಕ್ಸೆಲ್ ಚರ್ಮವೂ ಮೊದಲು ಕ್ರೋಮ್‌ನಲ್ಲಿ ಹದವಾಗಿ, ಅನಂತರ ತೊಗಟೆಯ ರಸದಲ್ಲಿ ಮತ್ತೊಮ್ಮೆ ಹದವಾಗುವ ಮಿಶ್ರ ಕ್ರಮದ್ದು. ಜಗತ್ತಿನ ಚರ್ಮದಲ್ಲಿ ಸುಮಾರು ಐದರಲ್ಲಿ ನಾಲ್ಕು ಪಾಲು ಕ್ರೋಮ್‌ನದೇ.

ನಮ್ಮ ಸೀಮೆಗೂ ಇದಕ್ಕೂ ನಂಟಿದೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಮದ್ರಾಸಿನಲ್ಲಿ ಕ್ರೋಮ್ ಹದದ ಪ್ರಯೋಗಗಳನ್ನು ನಡೆಸಿದ ಆಲ್ಫ್ರೆಡ್ ಚಾಟರ್ಟನ್ ಅವರೇ ಮುಂದೆ ಮೈಸೂರು ಸಂಸ್ಥಾನದ ಕೈಗಾರಿಕೆ ಮತ್ತು ವಾಣಿಜ್ಯ ಇಲಾಖೆಯ ನಿರ್ದೇಶಕರಾದರು. ಅದಕ್ಕೂ ಮೊದಲು ದಕ್ಷಿಣದಲ್ಲಿ ನಡೆಯುತ್ತಿದ್ದುದು ತೊಗಟೆಯ ಹದ. ಮಂಡ್ಯ, ಚಾಮರಾಜನಗರದ ಒಣಭೂಮಿಯಲ್ಲಿ ರಸ್ತೆಯಂಚಿಗೆ ಹಳದಿ ಹೂ ಬಿಡುವ ತಂಗಡಿ ಗಿಡವನ್ನು, ಎಂದರೆ ಆವರಿಕೆಯನ್ನು, ನೀವು ನೋಡಿರುತ್ತೀರಿ. ಅದರ ತೊಗಟೆಯಿಂದಲೂ ಅಳಲೆಕಾಯಿಯಿಂದಲೂ ಹದಗೊಂಡ ಚರ್ಮ ‘ಈಸ್ಟ್ ಇಂಡಿಯಾ’ ಎಂಬ ಹೆಸರಿನಲ್ಲಿ ಇಂಗ್ಲೆಂಡಿಗೆ ಹೋಗುತ್ತಿತ್ತು.

ಗುಣದಲ್ಲಿ ಒಂದು ಮೇಲು, ಇನ್ನೊಂದು ಕೀಳು ಎಂದು ನಾನು ಹೇಳಲಾರೆ. ಎರಡರ ಕೆಲಸ ಬೇರೆ. ತೊಗಟೆಯ ಹದಕ್ಕೆ ವಾರಗಳು, ದಪ್ಪ ಚರ್ಮಕ್ಕೆ ತಿಂಗಳುಗಳೇ ಬೇಕು. ಚರ್ಮ ಬಿರುಸಾಗಿ, ಕೊಟ್ಟ ಆಕಾರದಲ್ಲಿ ನಿಲ್ಲುತ್ತದೆ. ಅದಕ್ಕಾಗಿಯೇ ಅಟ್ಟೆಗೆ, ಒಳ ಅಟ್ಟೆಗೆ, ಬೆಲ್ಟಿಗೆ ಅದು ಯೋಗ್ಯ. ಕ್ರೋಮ್ ಹದ ಒಂದೆರಡು ದಿನಗಳಲ್ಲಿ ಮುಗಿಯುತ್ತದೆ. ಚರ್ಮ ಮೆತ್ತಗಿದ್ದು ನೀರು, ಶಾಖಗಳನ್ನು ಚೆನ್ನಾಗಿ ತಡೆಯುತ್ತದೆ, ಆದ್ದರಿಂದ ಮೇಲ್ಭಾಗಕ್ಕೆ ಒಗ್ಗುತ್ತದೆ.

ಸರಸ್ವತಿಪುರಂನ ಸದಸ್ಯರು: ಹಾಗಾದರೆ ಪರಿಸರದ ದೂರುಗಳೆಲ್ಲ ಸುಳ್ಳೇ? ನೀವು ಉದ್ಯಮದ ಪರವಾಗಿ ಮಾತನಾಡುತ್ತಿದ್ದೀರಿ ಎನಿಸುತ್ತದೆ.

ಉತ್ತರ: ಆಕ್ಷೇಪ ನ್ಯಾಯವಾದದ್ದು. ದೂರುಗಳು ಸುಳ್ಳಲ್ಲ. ನಾನು ಕೆಲಸ ಮಾಡಿದ ಪ್ರದೇಶದಲ್ಲೇ ಪಾಲಾರ್ ನದಿಯನ್ನೂ ಸುತ್ತಲಿನ ಬಾವಿಗಳನ್ನೂ ಚರ್ಮದ ಕಾರ್ಖಾನೆಗಳ ಕೊಳೆನೀರು ಕೆಡಿಸಿತ್ತು. ವೆಲ್ಲೂರಿನ ನಾಗರಿಕರು ಹೂಡಿದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 1996ರಲ್ಲಿ, ಮಾಲಿನ್ಯ ಮಾಡಿದವರೇ ಅದರ ವೆಚ್ಚ ಭರಿಸಬೇಕು ಎಂಬ ತತ್ವವನ್ನು ಎತ್ತಿಹಿಡಿದು ತೀರ್ಪು ಕೊಟ್ಟಿತು. ಆ ಭಾಗದ ಬಾವಿನೀರನ್ನು ಬಾಯಿಗೆ ಹಾಕಿಕೊಂಡವನಿಗೆ ಇದನ್ನು ಹಗುರವಾಗಿ ಕಾಣಲು ಸಾಧ್ಯವಿಲ್ಲ. ನನ್ನ ಮಾತು ಇಷ್ಟೇ: ಹದಕ್ಕೆ ಬಳಸುವ ಕ್ರೋಮಿಯಂ ಮೂರು ವೇಲೆನ್ಸಿ ಎಂಬ ರಾಸಾಯನಿಕ ರೂಪದ್ದು, ಅಪಾಯಕಾರಿ ಎನಿಸಿದ ಆರು ವೇಲೆನ್ಸಿಯ ರೂಪ ಕೆಟ್ಟ ಸಂಸ್ಕರಣೆಯಿಂದ ಉಂಟಾಗಬಹುದು. ಅದಕ್ಕಾಗಿಯೇ ಯುರೋಪಿನ ಒಕ್ಕೂಟ 2015ರಿಂದ ಮೈಗೆ ತಾಗುವ ಚರ್ಮದ ವಸ್ತುಗಳಲ್ಲಿ ಅದಕ್ಕೆ ಕಿಲೋಗೆ 3 ಮಿಲಿಗ್ರಾಂ ಮಿತಿ ಹಾಕಿದೆ. ಇನ್ನು ತೊಗಟೆಯ ಹದದ ಕೊಳೆನೀರೂ ಸಂಸ್ಕರಿಸದೆ ಬಿಟ್ಟರೆ ಹೊಳೆಯ ಮೀನನ್ನು ಸಾಯಿಸುವಷ್ಟು ಗಾಢವಾದದ್ದೇ. ನೀರನ್ನು ಎಲ್ಲಿ, ಹೇಗೆ ಶುದ್ಧಿ ಮಾಡಿದರು ಎಂಬುದನ್ನು ಬೂಟಿನ ಚೀಟಿ ಹೇಳುವುದಿಲ್ಲ. ‘ವೆಜಿಟೆಬಲ್ ಟ್ಯಾನ್ಡ್’, ಎಂದರೆ ತೊಗಟೆಯ ಹದದ್ದು, ಎಂಬ ಪದವೂ ಹೇಳುವುದಿಲ್ಲ.

ವಿಜಯನಗರದ ಸದಸ್ಯರು: ವಿದೇಶದ ಹೆಸರಿದ್ದರೂ ‘ಇಂಡಿಯಾದಲ್ಲಿ ತಯಾರಾದದ್ದು’ ಎಂದು ಕಂಡರೆ ಅದು ನಕಲಿಯೇ?

ಉತ್ತರ: ಅಲ್ಲ. ಆಸ್ಟ್ರೇಲಿಯಾದ ಟಾಸ್ಮೇನಿಯಾದಲ್ಲಿ 1870ರಲ್ಲಿ ಹುಟ್ಟಿದ ಬ್ಲಂಡ್‌ಸ್ಟೋನ್ ಕಂಪನಿ ತನ್ನ ಚರ್ಮದ ಬೂಟುಗಳ ತಯಾರಿಕೆಯನ್ನು ಹೊರದೇಶಗಳಿಗೆ ಸಾಗಿಸುವುದಾಗಿ 2007ರಲ್ಲಿ ಪ್ರಕಟಿಸಿತು. ಆ ದೇಶಗಳಲ್ಲಿ ಭಾರತವೂ ಒಂದು. ಇಂಗ್ಲೆಂಡಿನ ವೊಲಾಸ್ಟನ್‌ನಲ್ಲಿ 1960ರಲ್ಲಿ ಮೊದಲ ಬೂಟು ಹೊರತಂದ ಡಾಕ್ಟರ್ ಮಾರ್ಟೆನ್ಸ್‌ನ ಬಹುಪಾಲು ಉತ್ಪನ್ನ ಈಗ ಏಷ್ಯಾದ್ದು. ತಿರುಗುಮುರುಗಾಗಿಯೂ ನಡೆಯುತ್ತದೆ: ಬೂಟಿನ ಮೇಲ್ಭಾಗವನ್ನಷ್ಟೇ ತಮಿಳುನಾಡಿನಲ್ಲಿ ಹೊಲಿದು ಪೆಟ್ಟಿಗೆಯಲ್ಲಿ ತುಂಬಿ ಯುರೋಪಿಗೆ ಕಳುಹಿಸುವುದು ನಮ್ಮ ರಫ್ತಿನ ಹಳೆಯ ಬಾಬತ್ತು. ಅಟ್ಟೆ ಕೂಡಿದ ಊರಿನ ಹೆಸರು ಒಂದು, ಸೂಜಿ ಆಡಿದ ಊರು ಇನ್ನೊಂದು. ಅಮೆರಿಕದಲ್ಲಿ ಮಾತ್ರ, ಬಹುತೇಕ ಎಲ್ಲವೂ ಅಲ್ಲಿಯದೇ ಆಗಿರದಿದ್ದರೆ ಯಾವ ಷರತ್ತೂ ಇಲ್ಲದೆ ‘ಮೇಡ್ ಇನ್ ಯುಎಸ್ಎ’ ಎಂದು ಹಾಕುವಂತಿಲ್ಲ. ಅದಕ್ಕಾಗಿಯೇ ಕೆಲವು ಚೀಟಿಗಳಲ್ಲಿ ‘ಆಮದು ಸಾಮಗ್ರಿಗಳೊಂದಿಗೆ’ ಎಂಬ ಸಣ್ಣಕ್ಷರದ ಬಾಲ ಇರುತ್ತದೆ.

‘ಹೆರಿಟೇಜ್’ ಎಂಬ ಪದಕ್ಕಂತೂ ಕಾವಲೇ ಇಲ್ಲ. ನಮ್ಮ ಮೈಸೂರು ರೇಷ್ಮೆಗೆ ಭೌಗೋಳಿಕ ಸೂಚಿಕೆ ಇದೆ, ರೇಷ್ಮೆ ನಿಗಮದ ಸೀರೆಗೆ ಹೊಲಿದ ಸಂಖ್ಯೆಯೂ ಹೊಲೊಗ್ರಾಂ ಗುರುತೂ ಇರುತ್ತವೆ. ಅದನ್ನು ನೋಡಿ ಗೃಹಿಣಿಯರು ಅಂಗಡಿಯವನನ್ನು ನಿಲ್ಲಿಸಿ ಕೇಳಬಲ್ಲರು. ‘ಹೆರಿಟೇಜ್’ ಎಂದು ನಾಳೆ ನಾನೂ ಫಲಕ ಹಾಕಬಹುದು, ಯಾರೂ ಕೇಳುವಂತಿಲ್ಲ.

ಕುವೆಂಪುನಗರದ ಸದಸ್ಯರು: ಸರ್, ಕೊನೆಯದಾಗಿ: ನನ್ನ ಬೂಟಿನ ಬಲಗಾಲಿನ ಮುಂದಿನ ಅಟ್ಟೆ ಬಾಯಿಬಿಟ್ಟಿದೆ. ಸದ್ಯಕ್ಕೆ ಅಂಟು ಹಾಕಿಕೊಂಡು ನಿಮ್ಮಲ್ಲಿಗೆ ತರಲೇ?

ಉತ್ತರ: ಅಂಟು ಹಾಕಬೇಡಿ, ಹಾಗೆಯೇ ತನ್ನಿ. ಒಣಗಿದ ಅಂಟನ್ನು ನಾನು ಕೆರೆದು ತೆಗೆಯುವಾಗ ಅಂಚುಪಟ್ಟಿಯ ಹೊಲಿಗೆಯೂ ಜೊತೆಗೇ ಕಿತ್ತುಬರುತ್ತದೆ, ಆಗ ಒಂದು ಅಟ್ಟೆಯ ಕೆಲಸ ಎರಡು ಕೆಲಸವಾಗುತ್ತದೆ. ಒದ್ದೆಯಾಗಿದ್ದರೆ ಒಳಗೆ ಹಳೆಯ ಪತ್ರಿಕೆ ತುರುಕಿ ನೆರಳಿನಲ್ಲಿ ಎರಡು ದಿನ ಒಣಗಿಸಿ. ಬಿಸಿಲಿಗಾಗಲಿ ಒಲೆಯ ಬಳಿಗಾಗಲಿ ಇಡಬೇಡಿ. ಎಡಗಾಲಿನದನ್ನೂ ತನ್ನಿ: ಒಂದರ ಏಣು ಎದ್ದಿದ್ದರೆ ಇನ್ನೊಂದರದೂ ಸಡಿಲವಾಗಿರುತ್ತದೆ, ಮತ್ತು ಎರಡೂ ಅಟ್ಟೆಗಳ ದಪ್ಪ ಒಂದೇ ಆಗದಿದ್ದರೆ ನಡಿಗೆ ಓರೆಯಾಗುತ್ತದೆ.