ಪ್ರೋನೋಟು ಇದೆ, ದುಡ್ಡು ಬರುತ್ತಿಲ್ಲ: ಆರ್ಡರ್ 37ರಲ್ಲಿ ದಾವಾ ಹಾಕಬಹುದಾ?

ಪ್ರಶ್ನೆ: ಮೇಡಂ, ನಮಸ್ತೆ. ದಾವಣಗೆರೆಯಲ್ಲಿ ನನ್ನದೊಂದು ಸಣ್ಣ ಬಟ್ಟೆ ಅಂಗಡಿ. ಪರಿಚಯದವರೊಬ್ಬರಿಗೆ ಮಗಳ ಮದುವೆಗೆ ಅಂತ 4 ಲಕ್ಷ ಕೈಗಡ ಕೊಟ್ಟೆ, ಬ್ಯಾಂಕ್ ಮೂಲಕವೇ. ಆನ್ ಡಿಮ್ಯಾಂಡ್ ಪ್ರೋನೋಟು, ಅಂದರೆ ಕೇಳಿದಾಗ ದುಡ್ಡು ಕೊಡ್ತೀನಿ ಅನ್ನೋ ಪತ್ರ ಬರೆಸಿಕೊಂಡಿದ್ದೇನೆ. ತಾರೀಖು 14-08-2023. ಒಮ್ಮೆ 30,000 ನಗದು ಕೊಟ್ಟರು, ಅಷ್ಟೇ. ಕೇಳಿದಾಗಲೆಲ್ಲ "ಅಡಿಕೆ ಮಾರಿದ ಮೇಲೆ ಕೊಡ್ತೀನಿ ಅಣ್ಣಾ" ಅಂತಾರೆ. ಬೇಗ ಮುಗಿಯುವ ದಾವಾ ಒಂದಿದೆಯಂತೆ, ಹೌದಾ?

ಉತ್ತರ (ವಕೀಲರು): ಇದೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) ಆರ್ಡರ್ 37ರ ದಾವಾ. ಆದರೆ ಮೊದಲು ಆ ಪ್ರೋನೋಟನ್ನು ಹೊರಗೆ ತೆಗೆದು ಬೆಳಕಿನಲ್ಲಿ ನೋಡಿ. ರೆವಿನ್ಯೂ ಸ್ಟಾಂಪು ಇದೆಯಾ? ಸಹಿ ಸ್ಟಾಂಪಿನ ಮೇಲೆ ಹಾಯ್ದು, ಅರ್ಧ ಕಾಗದದ ಮೇಲೂ ಬಂದಿದೆಯಾ? ಬೇರೆ ಎಷ್ಟೋ ಪತ್ರಗಳಿಗೆ ಸ್ಟಾಂಪು ಕಮ್ಮಿ ಬಿದ್ದರೆ ದಂಡ ಕಟ್ಟಿ ಸರಿಮಾಡಿಕೊಳ್ಳಬಹುದು. ಪ್ರೋನೋಟಿಗೆ ಆ ದಾರಿ ಇಲ್ಲ. ಸ್ಟಾಂಪು ಇಲ್ಲದ ಪ್ರೋನೋಟನ್ನು ಕೋರ್ಟು ಸಾಕ್ಷ್ಯವಾಗಿ ತೆಗೆದುಕೊಳ್ಳುವುದೇ ಇಲ್ಲ. ಇಲ್ಲ ಅಂತ ಈಗ ನೀವೇ ಹಚ್ಚಲು ಹೋಗಬೇಡಿ.

ಆಮೇಲೆ ತಾರೀಖು. ಆನ್ ಡಿಮ್ಯಾಂಡ್ ನೋಟಿಗೆ ನೀವು ದುಡ್ಡು ಕೇಳಿದ ದಿನದಿಂದ ಅಲ್ಲ, ನೋಟು ಬರೆದ ದಿನದಿಂದಲೇ 3 ವರ್ಷ. ನಿಮ್ಮದು 14-08-2026ಕ್ಕೆ ಮುಗಿಯುತ್ತದೆ. ಆ 30,000 ಕೊಟ್ಟಾಗ ಅವರ ಕೈಬರಹವೋ ಸಹಿಯೋ ಇಲ್ಲದಿದ್ದರೆ ಅದರಿಂದ ಅವಧಿ ಬೆಳೆಯುವುದಿಲ್ಲ. ಆದರೂ ಅದನ್ನು ಕಳೆದೇ ದಾವಾ ಹಾಕಿ. ಮುಚ್ಚಿಟ್ಟರೆ ಅವರಿಗೆ ತಕರಾರು ಎತ್ತಲು ನೀವೇ ದಾರಿ ಮಾಡಿಕೊಟ್ಟ ಹಾಗೆ.

ಇನ್ನು ಆರ್ಡರ್ 37. ಮಾಮೂಲಿ ದಾವಾದಲ್ಲಿ ಪ್ರತಿವಾದಿ ಬಂದು ತನ್ನ ತಕರಾರು ಸಲ್ಲಿಸುತ್ತಾನೆ, ಸಾಕ್ಷಿ ವಿಚಾರಣೆ ಅಂತ ವರ್ಷಗಳು ಉರುಳುತ್ತವೆ. ಇಲ್ಲಿ ತಕರಾರು ಎತ್ತಬೇಕಾದರೂ ಕೋರ್ಟಿನ ಅನುಮತಿ ಬೇಕು. ಇದು ಆರ್ಡರ್ 37ರ ದಾವಾ ಅಂತ ದಾವಾ ಸಂಖ್ಯೆಯ ಕೆಳಗೆ ಬರೆದಿರಬೇಕು, ಆರ್ಡರಿನ ವ್ಯಾಪ್ತಿಗೆ ಬಾರದ ಯಾವ ಪರಿಹಾರವನ್ನೂ ಕೇಳಿಲ್ಲ ಅಂತಲೂ ಹೇಳಿರಬೇಕು. ಲೀಗಲ್ ನೋಟಿಸ್ ಕೊಡಿ, ಒಳ್ಳೆಯದು. ಅದರ ಉತ್ತರಕ್ಕೆ ಕಾಯುತ್ತಾ ಆಗಸ್ಟ್ 14 ದಾಟಿಸಬೇಡಿ.

ಇನ್ನೊಬ್ಬರ ಪ್ರಶ್ನೆ: ಮೇಡಂ, ನಾನು ಆ ಕಡೆಯವನು. ಇಂಥದ್ದೇ ಸಮನ್ಸ್ ಕೈಗೆ ಬಂದು 6 ದಿನ ಆಯ್ತು. ನಾನು ತಗೊಂಡಿದ್ದು 2 ಲಕ್ಷ. ಖಾಲಿ ನೋಟಿಗೆ ಸಹಿ ಹಾಕಿಸಿಕೊಂಡು 5 ಲಕ್ಷ ಅಂತ ತುಂಬಿಕೊಂಡಿದ್ದಾರೆ. ಮುಂದಿನ ತಾರೀಖಿಗೆ ಹೋಗಿ ಹೇಳಿದರೆ ಸಾಕಲ್ವಾ?

ಉತ್ತರ: ಸಾಲದು! ಸಮನ್ಸ್ ತಲುಪಿದ 10 ದಿನದೊಳಗೆ ನೀವೋ ವಕೀಲರೋ ಕೋರ್ಟಿನಲ್ಲಿ ಹಾಜರಿ ಹಾಕಿ, ನೋಟಿಸ್ ಕಳಿಸಲು ವಿಳಾಸ ಕೊಡಬೇಕು. ನಿಮಗೆ ಉಳಿದಿರುವುದು 4 ದಿನ. ಹೋಗದಿದ್ದರೆ ಅವರು ಬರೆದದ್ದನ್ನೆಲ್ಲ ನೀವು ಒಪ್ಪಿದಂತೆ, ನೇರ ಡಿಕ್ರಿ, ಅಂದರೆ ಹಣ ಕೊಡಿ ಅಂತ ಕೋರ್ಟಿನ ಆದೇಶ. ಸಮನ್ಸನ್ನು ಟಿವಿ ಮೇಲೆ ಇಟ್ಟು ಮರೆತು, ಡಿಕ್ರಿ ಆದ ಮೇಲೆ ಓಡಿ ಬಂದವರನ್ನು ನೋಡಿದ್ದೇನೆ. ತುಂಬಾ ಸಂಕಟ ಆಗುತ್ತದೆ.

ಹಾಜರಿ ಹಾಕಿದ ಮೇಲೆ ಅವರು ತೀರ್ಪಿಗಾಗಿ ಇನ್ನೊಂದು ಸಮನ್ಸ್ ಕಳಿಸುತ್ತಾರೆ. ಅದು ಸಿಕ್ಕಿ 10 ದಿನದೊಳಗೆ ಅಫಿಡವಿಟ್ ಹಾಕಿ ಅನುಮತಿ ಕೇಳಬೇಕು. "ಖಾಲಿ ನೋಟು" ಅಂದರಷ್ಟೇ ಸಾಲದು. ಸಹಿ ಮಾಡಿದ ಖಾಲಿ ನೋಟನ್ನು ತುಂಬುವ ಹಕ್ಕು ಮೇಲ್ನೋಟಕ್ಕೆ ಅದನ್ನು ಇಟ್ಟುಕೊಂಡವರಿಗೇ ಇದೆ. ದುಡ್ಡು ಕೊಟ್ಟಿದ್ದಾರೆ ಅಂತಲೂ ಕಾನೂನು ಮೊದಲು ನಂಬುತ್ತದೆ. ನಿಮ್ಮ ಖಾತೆಗೆ ಬಂದದ್ದು 2 ಲಕ್ಷ ಮಾತ್ರ ಅಂತ ಬ್ಯಾಂಕ್ ಸ್ಟೇಟ್‌ಮೆಂಟ್ ತೋರಿಸಿದರೆ ಮಾತಿಗೆ ತೂಕ ಬರುತ್ತದೆ. ಆ 2 ಲಕ್ಷ ಮೊದಲು ಕೋರ್ಟಿನಲ್ಲಿ ಕಟ್ಟಬೇಕಾಗುತ್ತದೆ, ಒಪ್ಪಿಕೊಂಡ ಹಣ ಅಲ್ವಾ. ಹೊಂದಿಸಿಕೊಳ್ಳಿ. ಗಟ್ಟಿ ತಕರಾರು ಇದ್ದರೆ ಷರತ್ತಿಲ್ಲದೆ ಅನುಮತಿ ಕೊಡಬೇಕು ಅಂತ 2016ರಲ್ಲಿ ಐಡಿಬಿಐ ಟ್ರಸ್ಟಿಶಿಪ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ತಕರಾರಿನ ಮೇಲೆ ಅನುಮಾನ ಇದ್ದರೆ ಷರತ್ತು ಹಾಕಬಹುದು.

ಮೊದಲು ಕೇಳಿದವರು: ಮೇಡಂ, ನೋಡಿದೆ. ಸಹಿ ಸ್ಟಾಂಪಿನ ಮೇಲೇ ಇದೆ. ಮತ್ತೆ ಅವರೇ ಫೋನ್ ಮಾಡಿ "ಕೋರ್ಟು ಬೇಡ, ದೀಪಾವಳಿವರೆಗೆ ಟೈಮ್ ಕೊಡಿ" ಅಂತಿದ್ದಾರೆ. ಮನಸ್ಸು ಕರಗುತ್ತೆ.

ಉತ್ತರ: ಟೈಮ್ ಕೊಡಿ, ತಪ್ಪಿಲ್ಲ. ಆದರೆ ಆಗಸ್ಟ್ 14ರೊಳಗೆ ಅವರನ್ನು ಕೂರಿಸಿ, ನೋಟಿನ ಹಿಂಭಾಗದಲ್ಲಿ "30,000 ಕೊಟ್ಟಿದ್ದೇನೆ, ಉಳಿದದ್ದು ಬಾಕಿ ಇದೆ" ಅಂತ ಅವರ ಕೈಯಿಂದಲೇ ಷರಾ ಬರೆಸಿ, ಸಹಿ, ತಾರೀಖು ಹಾಕಿಸಿ. ಆ ತಾರೀಖಿನಿಂದ ಹೊಸದಾಗಿ 3 ವರ್ಷ ಸಿಗುತ್ತದೆ. ಬರೆಯಲು ಒಪ್ಪದಿದ್ದರೆ ಮಾರನೇ ದಿನವೇ ಅಸಲು ನೋಟು ಹಿಡಿದು ವಕೀಲರ ಹತ್ತಿರ ಹೋಗಿ.