ಪದಚರ್ಚೆ: ಹೋಲ್‌ಸ್ಟರ್‌ಗೆ ‘ಒರೆ’ ಸಾಕೇ? ಸೊಂಟದ ಪಿಸ್ತೂಲಿನ ಇನ್ನೂ ಕೆಲವು ಮಾತು

ಎಲ್ಲರಿಗೂ ನಮಸ್ಕಾರ.

ಟೆಕ್ಸಸ್‌ನ ಹ್ಯೂಸ್ಟನ್‌ನಲ್ಲಿ ಅಂಗಡಿ ಇಟ್ಟಿರುವ ಕನ್ನಡಿಗ ಗೆಳೆಯರೊಬ್ಬರಿಗೆ ಒಂದು ಟಿಪ್ಪಣಿ ಬರೆದುಕೊಡುತ್ತಿದ್ದೇನೆ. ಅಲ್ಲಿನ ಸೆಖೆಯಲ್ಲಿ, ತೆಳು ಅಂಗಿಯೊಳಗೆ, ಹೊರಗೆ ಕಾಣದ ಹಾಗೆ ಪಿಸ್ತೂಲು ಇಟ್ಟುಕೊಳ್ಳಬೇಕಾದರೆ ಯಾವ ಅಳತೆಯದ್ದು ಕೊಳ್ಳಬೇಕು, ಅದನ್ನು ಸೊಂಟದಲ್ಲಿ ಹಿಡಿದಿಡುವ ಹೋಲ್‌ಸ್ಟರ್ ಯಾವುದು ಬೇಕು ಎಂಬುದು ವಿಷಯ. ಬರೆಯಲು ಕೂತಾಗ ಗೊತ್ತಾಯಿತು, ಕೋವಿಯ ಮಾತು ನಮ್ಮಲ್ಲಿ ಧಾರಾಳವಾಗಿದೆ, ಪಿಸ್ತೂಲಿನದ್ದು ಇಲ್ಲವೇ ಇಲ್ಲ. ಒಂಟಿನಳಿಗೆ, ಜೋಡುನಳಿಗೆ, ಕೇಪಿನ ಕೋವಿ, ತೋಟಾ ಕೋವಿ, ಈಡು ಎಲ್ಲವೂ ಹೆಗಲ ಮೇಲೆ ಹೊತ್ತು ನಡೆಯುವ ಆಯುಧದ ಮಾತುಗಳು. ಕೊಡಗಿನಲ್ಲಿ ಕೈಲ್ ಪೋಳ್ದ್ ಎಂಬ ಆಯುಧಪೂಜೆಯ ಹಬ್ಬದ ದಿನ ತೋಕ್ ಪೂ (ಕೋವಿ ಹೂ) ಸಿಕ್ಕಿಸಿ ಪೂಜಿಸುವುದೂ ಅಂಥ ಕೋವಿಯನ್ನೇ. ನಾಲ್ಕು ಜನ ನೋಡಲಿ ಅಂತಲೇ ಇಟ್ಟುಕೊಂಡ ಆಯುಧ ಅದು, ಮರೆಮಾಡುವ ಮಾತು ಎಲ್ಲಿಂದ ಬರಬೇಕು?

ಹಾಗಾಗಿ ಮೊದಲ ತೊಡಕು ಇಡೀ ಕ್ರಿಯೆಗೇ ಹೆಸರಿಲ್ಲದ್ದು. ‘ಗುಪ್ತ ಶಸ್ತ್ರಧಾರಣೆ’ ಎಂದರೆ ಸರ್ಕಾರಿ ಗೆಜೆಟ್ಟು. ‘ಅಡಗಿಸಿಟ್ಟುಕೊಂಡು ಓಡಾಡುವುದು’ ಎಂದರೆ ಪೊಲೀಸರ ಎಫ್‌ಐಆರ್. ಅಲ್ಲಿ ಅದು ಕಳ್ಳತನದ ಕೆಲಸವಲ್ಲ. ಟೆಕ್ಸಸ್‌ನಲ್ಲಿ 2021ರ ಸೆಪ್ಟೆಂಬರ್ 1ರಿಂದ, ಕಾನೂನಿನ ಅಡ್ಡಿಯಿಲ್ಲದವರು ಲೈಸೆನ್ಸ್ ಇಲ್ಲದೆಯೂ ಪಿಸ್ತೂಲು ಒಯ್ಯಬಹುದು. (ಎಚ್-1ಬಿ ವೀಸಾದಲ್ಲಿರುವ ನಮ್ಮವರು ಹಿಗ್ಗಬೇಕಾಗಿಲ್ಲ. ಬೇಟೆ ಲೈಸೆನ್ಸಿನಂಥ ಕೆಲವು ವಿನಾಯಿತಿ ಬಿಟ್ಟರೆ ಫೆಡರಲ್ ಕಾನೂನು ಅವರಿಗೆ ಬಂದೂಕು ಮುಟ್ಟಲೂ ಬಿಡುವುದಿಲ್ಲ. ಗೆಳೆಯರು ಗ್ರೀನ್ ಕಾರ್ಡಿನವರು.) ನಾನು ಸದ್ಯಕ್ಕೆ ‘ಮರೆಯಲ್ಲಿ ಕಟ್ಟಿಕೊಳ್ಳುವುದು’ ಎಂದು ಬರೆದಿದ್ದೇನೆ. ಮರೆ ಎಂಬ ಮಾತಿಗೆ ಕಳಂಕವಿಲ್ಲ. ಕತ್ತಿಯನ್ನು ಸೊಂಟಕ್ಕೆ ಕಟ್ಟಿಕೊಳ್ಳುತ್ತೇವೆ, ‘ಒಯ್ಯುತ್ತೇವೆ’ ಅನ್ನುವುದಿಲ್ಲವಲ್ಲ.

ಇನ್ನು ಹೋಲ್‌ಸ್ಟರ್. ‘ಪಿಸ್ತೂಲಿನ ಚೀಲ’ ಎಂದು ಬರೆದದ್ದನ್ನು ನೋಡಿದ್ದೇನೆ. ಅದು ತಪ್ಪು ಮಾತ್ರವಲ್ಲ, ಅಪಾಯ. ಸಡಿಲ ಚೀಲದಲ್ಲಿ, ಬೀಗದ ಕೈ ಗೊಂಚಲಿನ ಜೊತೆ ಪಿಸ್ತೂಲು ಬಿದ್ದಿರುವುದೇ ಆಗಬಾರದ್ದು. ಹೋಲ್‌ಸ್ಟರಿನ ಮೊದಲ ಕೆಲಸ ಟ್ರಿಗರ್‌ನ ಸುತ್ತಲ ಬಳೆಯನ್ನು ಪೂರ್ತಿ ಮುಚ್ಚಿ, ಬೆರಳಾಗಲಿ ಬಟ್ಟೆಯಾಗಲಿ ಒಳಗೆ ನುಸುಳದಂತೆ ಮಾಡುವುದು. ಎರಡನೆಯದು, ಪಿಸ್ತೂಲು ಹೊರತೆಗೆದ ಮೇಲೂ ಬಾಯಿ ತೆರೆದೇ ಇರುವುದು. ಸೆಖೆಯ ಸಂಗತಿ ಬರುವುದು ಇಲ್ಲೇ. ಮೆತ್ತನೆಯ ಚರ್ಮದ್ದು ಬೆವರು ಕುಡಿದು ಇನ್ನಷ್ಟು ಮೆತ್ತಗಾಗಿ, ಬಾಯಿಯ ಅಂಚು ಒಳಗೆ ಮಡಚಿಕೊಳ್ಳುತ್ತದೆ. ಪಿಸ್ತೂಲನ್ನು ಮತ್ತೆ ಒಳಗೆ ತಳ್ಳುವಾಗ ಆ ಮಡಿಕೆ ಟ್ರಿಗರ್‌ಗೆ ಸಿಕ್ಕಿಕೊಂಡರೆ ಗುಂಡು ಸೊಂಟದಲ್ಲೇ ಹಾರುತ್ತದೆ. ಕೈಡೆಕ್ಸ್ ಎಂಬ ಪ್ಲಾಸ್ಟಿಕ್ ಹಾಳೆಯನ್ನು ಕಾಯಿಸಿ, ಆಯಾ ಪಿಸ್ತೂಲಿನ ಮೈಗೇ ಒತ್ತಿ ಮಾಡಿದ್ದಕ್ಕೆ ಈ ಕಾಟವಿಲ್ಲ, ಅದು ಬೆವರು ಹೀರುವುದಿಲ್ಲ. ಆದರೆ ಮೈಗೆ ಒತ್ತುತ್ತದೆ, ಉಜ್ಜುತ್ತದೆ. ಅದಕ್ಕೇ ಒಳಗೊಂದು ಬನಿಯನ್ ಬೇಕು, ಹೋಲ್‌ಸ್ಟರಿಗೂ ಮೈಯ ಕಡೆ ಎತ್ತರದ ಪಟ್ಟಿ ಬೇಕು. ಆ ಪಟ್ಟಿಗೆ ‘ಬೆವರುತಡೆ’ ಎಂದು ನಾನೇ ಹೆಸರಿಟ್ಟೆ, ಅದರ ಬಗ್ಗೆ ನನಗೆ ತಕರಾರಿಲ್ಲ.

ನನ್ನ ಒಲವು ‘ಒರೆ’ಯ ಕಡೆಗೆ. ಒಂದು ಪದ ಒಪ್ಪಿಕೊಂಡರೆ ಸಂಸಾರವೇ ಜೊತೆಗೆ ಬರುತ್ತದೆ. ಒರೆಯಿಂದ ಹಿರಿ, ಒರೆಗೆ ಸೇರಿಸು, ಒರೆಗಳಚು. ಪ್ಯಾಂಟಿನ ಪಟ್ಟಿಯ ಒಳಗೆ ಸಿಕ್ಕಿಸುವುದು ‘ಒಳಒರೆ’, ಹೊರಗೆ ಬೆಲ್ಟಿಗೆ ಹಾಕುವುದು ‘ಹೊರಒರೆ’. ಆಕ್ಷೇಪ ಬರಬಹುದು, ಒರೆ ಎಂದರೆ ಅಲಗು ಪೂರ್ತಿ ಮುಳುಗಬೇಕಲ್ಲ ಎಂದು. ಕೊಡವರ ಒಡಿಕತ್ತಿ ನೋಡಿ: ಬೆನ್ನ ಹಿಂದೆ ತೊಡಂಗ್ ಎಂಬ ಹಿತ್ತಾಳೆಯ ಕೊಂಡಿಯಲ್ಲಿ ಅಲಗು ಬಯಲಾಗಿಯೇ ನಿಲ್ಲುತ್ತದೆ. ಅದೇ ಮೈಮೇಲೆ, ಮುಂದುಗಡೆ ಚೇಲೆಗೆ (ಸೊಂಟದ ಪಟ್ಟಿಗೆ) ಸಿಕ್ಕಿಸಿದ ಪೀಚೆಕತ್ತಿ ಮಾತ್ರ ಬೆಳ್ಳಿಯ ಒರೆಯಲ್ಲಿ. ಬಯಲಾಗಿ ಹಿಡಿದಿಡುವುದು ಕೊಂಡಿ, ಮುಚ್ಚಿ ಕಾಯುವುದು ಒರೆ; ಟ್ರಿಗರ್ ಮುಚ್ಚುವ ಹೋಲ್‌ಸ್ಟರ್ ಎರಡನೆಯ ಜಾತಿಯದು. ಆಯುಧ ಹಿಡಿದಿಡುವ ಸಾಧನಕ್ಕೆ ‘ತೊಡಂಗ್’ ಅನ್ನಬಹುದೇ ಎಂದೂ ಯೋಚಿಸಿದೆ. ಕೊಡಗು ದಾಟಿದರೆ ಯಾರಿಗೂ ತಿಳಿಯದು ಎಂದು ಬಿಟ್ಟೆ.

ಪದ ಮುಖ್ಯ ಏಕೆಂದರೆ ಟೆಕ್ಸಸ್‌ನ ಕಾನೂನಿನಲ್ಲೂ ಹೋಲ್‌ಸ್ಟರ್ ಎಂಬ ಮಾತಿಗೆ ತೂಕವಿದೆ. 2016ರಲ್ಲಿ ಲೈಸೆನ್ಸಿನವರಿಗೆ ಪಿಸ್ತೂಲನ್ನು ಕಾಣುವಂತೆ ಒಯ್ಯಲು ಬಿಟ್ಟಾಗ ಅದು ಭುಜದ್ದೋ ಬೆಲ್ಟಿನದ್ದೋ ಹೋಲ್‌ಸ್ಟರ್ ಆಗಿರಬೇಕಿತ್ತು. 2021ರಲ್ಲಿ ಭುಜ, ಬೆಲ್ಟು ಎಂಬ ವಿಶೇಷಣ ಬಿದ್ದುಹೋಗಿ ಬರೀ ಹೋಲ್‌ಸ್ಟರ್ ಉಳಿಯಿತು. ಗಾಳಿಗೆ ಅಂಗಿ ಎದ್ದು ಪಿಸ್ತೂಲು ಕಂಡಾಗ ಈ ಒಂದು ಮಾತೇ ಆಧಾರ.

ಮುಂದಿನದು ಪಿಸ್ತೂಲಿನ ಅಳತೆಗೆ ಹೇಳುವ ‘ಕಾಂಪ್ಯಾಕ್ಟ್’. ‘ಅಡಕ’ ಎನ್ನುವವರಿದ್ದಾರೆ, ಆದರೆ ಕೊಳ್ಳುವವನಿಗೆ ಅದು ಏನನ್ನೂ ಹೇಳುವುದಿಲ್ಲ. ಗ್ಲಾಕ್ 19 ಎಂಬ ಪಿಸ್ತೂಲು ಕಾಂಪ್ಯಾಕ್ಟ್ ಎಂದೇ ಹೆಸರಾದದ್ದು, ಅದರ ಮ್ಯಾಗಜೀನಿನಲ್ಲಿ (ಹಿಡಿಯೊಳಗೆ ಕೂರುವ ತೋಟಾ ಡಬ್ಬಿ) 15 ತೋಟಾ. ಗ್ಲಾಕ್ 43ಎಕ್ಸ್‌ನಲ್ಲಿ 10. ಎರಡರ ಎತ್ತರವೂ 128 ಮಿಲಿಮೀಟರೇ, ವ್ಯತ್ಯಾಸವಿರುವುದು ದಪ್ಪದಲ್ಲಿ, 34ಕ್ಕೆ 28. ತೆಳು ಅಂಗಿಯಲ್ಲಿ ಗುಟ್ಟು ಬಿಡುವುದು ನಳಿಗೆಯಲ್ಲ, ಹಿಡಿಯ ಕೆಳಮೂಲೆ. ಮೊಣಕೈ ಹತ್ತಿರ ಬಟ್ಟೆಯನ್ನು ಕೋಲು ಕೊಟ್ಟಂತೆ ಎತ್ತಿಬಿಡುತ್ತದೆ. ಹೀಗಾಗಿ ‘ತೆಳು’ ಮತ್ತು ‘ಗಿಡ್ಡ’ ಎಂದು ಬಿಡಿಸಿ ಹೇಳುವುದೇ ಲೇಸು. 43ಎಕ್ಸ್ ತೆಳು, ಗಿಡ್ಡವಲ್ಲ. 2018ರಲ್ಲಿ ಬಂದ ಸಿಗ್ ಪಿ365 ತೆಳುವೂ ಹೌದು, ಗಿಡ್ಡವೂ ಹೌದು, ಅದರಲ್ಲೂ 10 ತೋಟಾ. ಗೆಳೆಯರಿಗೆ ನಾನು ಹೇಳುವುದು ಇದನ್ನೇ, ಹಿಡಿಯಲ್ಲಿ ಕಿರುಬೆರಳಿಗೂ ಜಾಗ ಸಿಕ್ಕರೆ ಮಾತ್ರ. ಜೇಬಿಗೆ ಹೋಗುವಷ್ಟು ಸಣ್ಣವು ಕೈಗೆ ಜೋರಾಗಿ ಒದೆಯುತ್ತವೆ, ಅಭ್ಯಾಸ ಮಾಡುವ ಮನಸ್ಸೇ ಬರುವುದಿಲ್ಲ.

ಹಾಗೆ ಅಂಗಿಯ ಮೇಲೆ ಆಕಾರ ಕಾಣುವುದಕ್ಕೆ ಅಲ್ಲಿಯವರು ‘ಪ್ರಿಂಟ್ ಆಗ್ತಿದೆ’ ಅನ್ನುತ್ತಾರೆ. ನಮ್ಮಲ್ಲಿ ‘ಮೂಡು’ ಸಿದ್ಧವಾಗಿಯೇ ಇದೆ: ‘ಬಿಳಿ ಅಂಗಿ ಹಾಕಬೇಡಿ ಸ್ವಾಮಿ, ಪಿಸ್ತೂಲು ಮೂಡುತ್ತೆ. ಹೂಬಳ್ಳಿಯದೋ ಚೌಕಳಿಯದೋ ಹಾಕಿ, ಇನ್‌ಶರ್ಟ್ ಮಾಡಬೇಡಿ.’ ಜುಬ್ಬಾ ಚೆನ್ನಾಗಿ ಮರೆಮಾಡುತ್ತದೆ, ಆದರೆ ಅಷ್ಟುದ್ದ ಬಟ್ಟೆ ಎತ್ತಿ ಹಿರಿಯುವಷ್ಟರಲ್ಲಿ ಕಥೆ ಮುಗಿದಿರುತ್ತದೆ. ಪಂಚೆಗಂತೂ ಗಟ್ಟಿ ಬೆಲ್ಟೇ ಇಲ್ಲ, ಆ ಆಸೆ ಬಿಡಬೇಕು.

ಕೊನೆಗೆ ಮಲೆನಾಡಿನವರಿಗೊಂದು ಪ್ರಶ್ನೆ. ಹಳಬರು ಕೋವಿಯ ‘ಕುದುರೆ’ ಎನ್ನುವುದು ನಿಮ್ಮ ಕಡೆ ಮೇಲೆ ಹೊಡೆಯುವ ಸುತ್ತಿಗೆಗೋ, ಬೆರಳಿಡುವ ಟ್ರಿಗರ್‌ಗೋ? ಟ್ರಿಗರ್‌ಗೆ ಎಂದಾದರೆ ‘ಕುದುರೆಬಳೆ ಪೂರ್ತಿ ಮುಚ್ಚುವ ಒರೆ’ ಎಂದು ಬರೆದುಬಿಡುತ್ತೇನೆ. ಸುತ್ತಿಗೆಗೆ ಎಂದಾದರೆ ಟ್ರಿಗರ್ ಟ್ರಿಗರೇ ಆಗಿರಲಿ, ಏಕೆಂದರೆ ಗ್ಲಾಕಿಗೆ ಹೊರಗೆ ಕಾಣುವ ಸುತ್ತಿಗೆಯೇ ಇಲ್ಲ. ಊರು, ತಾಲ್ಲೂಕು ಸಮೇತ ತಿಳಿಸಿದರೆ ಉಪಕಾರ.